ನೋಯ್ಡಾದ ನಡುರಾತ್ರಿ, ನಿಲ್ಲದ ಓಟ

ಹೀರೋ ಓಡ್ತಾನೆ, ಹಿಂದೆ ವಿಲನ್ ಅಟ್ಟಿಸಿಕೊಂಡು ಬರ್ತಾನೆ, ಹಿನ್ನೆಲೆ ಸಂಗೀತ ಕಿವಿ ಹರಿಯುತ್ತೆ... ಇದು ನಾವೆಲ್ಲ ಶಿಳ್ಳೆ ಹೊಡೆದು ನೋಡಿದ ಸಿನಿಮಾ. ಆದರೆ 2022ರ ಮಾರ್ಚ್‌ನಲ್ಲಿ ನಿರ್ದೇಶಕ ವಿನೋದ್ ಕಾಪ್ರಿ ನೋಯ್ಡಾದಲ್ಲಿ ಕಾರಿನಿಂದಲೇ ತೆಗೆದ ಚಿತ್ರಕ್ಕೆ ಇದ್ಯಾವುದೂ ಇಲ್ಲ. ಎರಡೂವರೆ ನಿಮಿಷಕ್ಕೂ ಕಮ್ಮಿ. ಬೀದಿದೀಪವೇ ಲೈಟಿಂಗು. ಬೆನ್ನಿಗೆ ಬ್ಯಾಗು ಹಾಕಿಕೊಂಡ 19ರ ಹುಡುಗ ಒಬ್ಬನೇ ಓಡ್ತಿದ್ದಾನೆ. ‘ಬಾ, ಮನೆಗೆ ಬಿಡ್ತೀನಿ’ ಅಂತಾರೆ ಕಾಪ್ರಿ. ಒಲ್ಲೆ ಅಂತಾನೆ. ಊಟಕ್ಕೆ ಕರೆದರೂ ಒಲ್ಲೆ. ಮಾತಾಡ್ತಾನೆ, ನಗ್ತಾನೆ, ಓಟ ಮಾತ್ರ ನಿಲ್ಲಿಸೋದಿಲ್ಲ! ಪುಟ್ಟ ಮಗುವೊಂದನ್ನೇ ಮನೆಯೊಳಗಿಟ್ಟು ‘ಪಿಹೂ’ ತೆಗೆದ ಕಾಪ್ರಿ ಇವರೇ. ನನ್ನ ಮಟ್ಟಿಗೆ ಇದೇ ಅವರ ಒಳ್ಳೆಯ ಚಿತ್ರ.

ದೆಹಲಿಗೆ ಹೋದಾಗ ಆ ದಾರಿ ನೋಡಲೇಬೇಕೆನಿಸಿತು. ರಾತ್ರಿ ಹನ್ನೊಂದರ ಮೇಲೆ ಸೆಕ್ಟರ್ 16ರಿಂದ ನಡೆದೇ ಹೊರಟೆ. ಹುಡುಗ ಕೆಲಸ ಮಾಡ್ತಿದ್ದ ಬರ್ಗರ್ ಅಂಗಡಿ ಇದ್ದದ್ದು ಇಲ್ಲೇ. ಮನೆ ಬರೋಲಾದಲ್ಲಿ, 10 ಕಿಲೋಮೀಟರ್. 1976ರಲ್ಲಿ ಕೈಗಾರಿಕೆಗೆಂದು ಹುಟ್ಟಿದ ಊರಿದು. ಬೀದಿಗಳಿಗೆ ಹೆಸರಿಗಿಂತ ನಂಬರು ಜಾಸ್ತಿ. ತಮಾಷೆ ಕೇಳಿ: ಟಿ.ವಿ. ಚಾನೆಲ್ಲುಗಳು ತುಂಬಿರುವ ಫಿಲ್ಮ್ ಸಿಟಿ ಇರೋದು ಪಕ್ಕದ 16ಎ ಸೆಕ್ಟರ್‌ನಲ್ಲಿ. ಅಷ್ಟೊಂದು ಕ್ಯಾಮೆರಾಗಳ ಮಗ್ಗುಲಿಂದಲೇ ದಿನಾ ಓಟ ಶುರು... ಕಂಡದ್ದು ದಾರಿಹೋಕ ಕಾರಿಗೆ! ಮಾರನೇ ದಿನ ಎಲ್ಲರೂ ಮುತ್ತಿಕೊಂಡರು, ಬಿಡಿ.

ತಲೆ ಮೇಲೆ ಮೆಟ್ರೋ ಸೇತುವೆ, ಗೇಟಿನ ಬಳಿ ಶಾಲು ಹೊದ್ದ ವಾಚ್‌ಮನ್. ನಾಯಿಗಳು ಸರಹದ್ದು ಮುಗಿಯೋವರೆಗೂ ಬೊಗಳಿ ಬೀಳ್ಕೊಡುತ್ತವೆ. ಲಾರಿ ಹೋದ ಮೇಲೆ ನನ್ನ ಚಪ್ಪಲಿ ಸದ್ದೇ ನನಗೆ ದೊಡ್ಡದು.

ಅಲ್ಮೋರಾ ಕಡೆಯ ಆ ಹುಡುಗನಿಗೆ ಸೈನ್ಯ ಸೇರೋ ಹಂಬಲ. ಬೆಳಿಗ್ಗೆ ಅಡುಗೆ ಮಾಡಿಟ್ಟು ಕೆಲಸಕ್ಕೆ ಹೋಗಬೇಕು, ಅಭ್ಯಾಸಕ್ಕೆ ಉಳಿದದ್ದು ಮನೆಗೆ ಹೋಗೋ ದಾರಿ ಮಾತ್ರ. ಆಗಿನ ಭರ್ತಿಯಲ್ಲಿ 1.6 ಕಿಲೋಮೀಟರನ್ನು ಐದೂವರೆ ನಿಮಿಷದಲ್ಲಿ ಮುಗಿಸಿದರೆ 60 ಅಂಕ. ಓದುಗ ಮಿತ್ರರೇ, ಒಮ್ಮೆ ಓಡಿ ನೋಡಿ! ಆದರೆ ಕೊರೋನಾದಿಂದ ಎರಡು ವರ್ಷ ಭರ್ತಿಯೇ ನಡೆದಿರಲಿಲ್ಲ. ವಯಸ್ಸು ಮಾತ್ರ ನಿಲ್ಲುತ್ತದೆಯೇ? ಮೂರೇ ತಿಂಗಳಿಗೆ, 2022ರ ಜೂನ್‌ನಲ್ಲಿ, ಅಗ್ನಿಪಥ ಬಂತು. ನಾಲ್ಕು ವರ್ಷದ ನೌಕರಿ, ಮುಂದಕ್ಕೆ ಉಳಿಯೋರು ನೂರಕ್ಕೆ ಹೆಚ್ಚೆಂದರೆ 25.

ಬರೋಲಾ ಸೇರಿದಾಗ ಎರಡು ಗಂಟೆ. ಇಕ್ಕಟ್ಟು ಗಲ್ಲಿ, ಬಾಡಿಗೆ ಕೋಣೆಗಳ ಸಾಲು, ಎಲ್ಲೋ ಒಂದು ಕಿಟಕಿಯಲ್ಲಿ ಬೆಳಕು. ನನಗೋ ಕುಕ್ಕರಿಸಿದರೆ ಸಾಕಾಗಿತ್ತು. ಅವನು ಇಷ್ಟು ದೂರ ಓಡಿ ಬಂದ ಮೇಲೆ ಒಲೆ ಹಚ್ಚಬೇಕು. ಅವತ್ತು ಕಾಪ್ರಿ ಊಟಕ್ಕೆ ಕರೆದಾಗ ಬೇಡ ಅಂದದ್ದೂ ಅದಕ್ಕೇ. ತಾನು ಉಂಡು ಬಂದರೆ ಅಣ್ಣ ಉಪವಾಸ!