ಇನ್ನು ಪಟ್ಟ ಯಾರಿಗೆ?

1940ನೇ ಇಸವಿ ಮಾರ್ಚ್ 11ರಂದು ಮುಂಬಯಿಯಲ್ಲಿ ಮೈಸೂರಿನ ಯುವರಾಜ ಕಂಠೀರವ ನರಸಿಂಹರಾಜ ಒಡೆಯರು ತೀರಿಕೊಂಡರು. ಐದು ತಿಂಗಳು ತುಂಬುವ ಮೊದಲೇ, ಆಗಸ್ಟ್ 3ರ ಶನಿವಾರ, ಬೆಂಗಳೂರು ಅರಮನೆಯಲ್ಲಿ ಅವರ ಅಣ್ಣ, ಮಹಾರಾಜ ನಾಲ್ವಡಿ ಕೃಷ್ಣರಾಜ ಒಡೆಯರೂ ಹೋದರು. ಪಟ್ಟದಲ್ಲಿದ್ದವರೂ ಇಲ್ಲ, ಪಟ್ಟಕ್ಕೆ ಬರಬೇಕಾದವರೂ ಇಲ್ಲ. ಆ ವರ್ಷದ ಕಥೆಯನ್ನು ನಮ್ಮ ತಾತ ಹೇಳುತ್ತಿದ್ದದ್ದು ಬಚ್ಚಲ ಒಲೆ ಮುಂದೆ ಕೂತು. ಮಾಗಿಯ ಚಳಿಯಲ್ಲಿ ಸಂಜೆ ಹಂಡೆಗೆ ನೀರು ತುಂಬಿಸಿ, ಮಟ್ಟೆ ಒಡ್ಡಿ, ಬೆಂಕಿ ಹತ್ತಿದ ಮೇಲೆ ಒಂದೊಂದೇ ಚಿಪ್ಪು ಹಾಕುತ್ತಿದ್ದರು. ಕೊಬ್ಬರಿ ಸುಲಿದ ಮನೆಯಲ್ಲಿ ಚಿಪ್ಪಿಗೇನು ಬರ? ನಾವು ಮೊಮ್ಮಕ್ಕಳು ಸುತ್ತ ಕುಕ್ಕರಗಾಲಲ್ಲಿ ಕೂರುತ್ತಿದ್ದೆವು.

ನಮ್ಮೂರು ತುರುವೇಕೆರೆಗೂ ಬಾಣಸಂದ್ರಕ್ಕೂ ನಡುವೆ. ಆಗ ತಾತ ಮಿಡ್ಲ್‌ಸ್ಕೂಲ್ ಹುಡುಗ. ಅವರ ಅಪ್ಪ ಗಾಡಿಯಲ್ಲಿ ಕೊಬ್ಬರಿ ಚೀಲ ಹೇರಿಕೊಂಡು ತಿಪಟೂರಿಗೆ ಹೋಗಿದ್ದರು. ಮಾಮೂಲಾಗಿ ಕತ್ತಲಾದ ಮೇಲೆ ಬರುವ ಗಾಡಿ ಅವತ್ತು ಹೊತ್ತು ಮುಳುಗುವ ಮೊದಲೇ ಬಂತಂತೆ, ಅದೂ ಚೀಲ ಇಳಿಸದೆ. ಎತ್ತುಗಳ ಕೊರಳು ಬಿಚ್ಚಿ, ತಲೆಯ ರುಮಾಲು ತೆಗೆದು ಜಗಲಿಯ ಮೇಲಿಟ್ಟು, "ಪೇಟೇಲಿ ಅಂಗಡಿ ಎಲ್ಲಾ ಮುಚ್ಚವ್ರೆ. ಬುದ್ಧಿಯೋರು ಹೋಗ್ಬಿಟ್ರಂತೆ" ಎಂದರಂತೆ.

ಅಟ್ಟದ ಏಣಿಯ ಮೇಲೆ ನಿಂತು ಕಾಯಿ ಅಲ್ಲಾಡಿಸಿ, ಗಿಟುಕಾಗಿದೆಯೋ ಇಲ್ಲವೋ ಎಂದು ಕಿವಿಗಿಟ್ಟು ನೋಡುತ್ತಿದ್ದ ತಾತನ ಅಮ್ಮ ಅಲ್ಲಿಂದಲೇ ಕೇಳಿದರು: "ಯುವರಾಜರೂ ಇಲ್ವಲ್ಲ. ಇನ್ನು ಪಟ್ಟ ಯಾರಿಗೆ?"

ಓದು ಬರಹ ಬಾರದ ಹೆಂಗಸು. ಮೈಸೂರು ಕಂಡವಳಲ್ಲ. ದುಃಖಕ್ಕಿಂತ ಮುಂಚೆ ಅವಳ ಬಾಯಿಗೆ ಬಂದದ್ದು ಆ ಪ್ರಶ್ನೆ ಎಂದು ತಾತ ಪ್ರತಿ ಸಲವೂ ಒತ್ತಿ ಹೇಳುತ್ತಿದ್ದರು. ರಾಜ್ಯಕ್ಕೆ ಒಡೆಯನಿಲ್ಲದಿದ್ದರೆ ಏನಾಗುತ್ತದೆ ಎಂಬುದು ನಮ್ಮ ಸೀಮೆಯವರಿಗೆ ಕೇಳಿ ಗೊತ್ತಿತ್ತು. ಇಲ್ಲಿ ಹಾಗಲವಾಡಿ ಪಾಳೇಗಾರರು ಆಳಿದ್ದರು. ಚಿಕ್ಕನಾಯಕನಹಳ್ಳಿಗೆ ಆ ಹೆಸರು ಬಂದದ್ದೇ ಆ ಮನೆತನದ ಚಿಕ್ಕನಾಯಕನಿಂದ. ಮನೆತನ ಹೋಯಿತು, ಊರ ಹೆಸರು ಉಳಿಯಿತು. ಮೈಸೂರಿಗೂ ಹಾಗಾದರೆ?

ಅವತ್ತು ರಾತ್ರಿ ಅರಳಿಕಟ್ಟೆ ಮೇಲೆ ದೊಡ್ಡವರೆಲ್ಲ ಸೇರಿದರು. ಕೆಲವರು ಮೀಸೆ ತೆಗೆಸಿಕೊಂಡಿದ್ದರು. ಮಾತು ಶಾಪಕ್ಕೆ ಬಂತು. 1610ರಲ್ಲಿ ರಾಜ ಒಡೆಯರು ಶ್ರೀರಂಗಪಟ್ಟಣ ತೆಗೆದುಕೊಂಡಾಗ, ಒಡವೆಗಾಗಿ ಬೆನ್ನತ್ತಿದ ಸೈನಿಕರಿಂದ ತಪ್ಪಿಸಿಕೊಳ್ಳಲು ಅಲ್ಲಿದ್ದ ವಿಜಯನಗರದ ಪ್ರತಿನಿಧಿಯ ಹೆಂಡತಿ ಅಲಮೇಲಮ್ಮ ಕಾವೇರಿಗೆ ಹಾರಿದಳು. ತಲಕಾಡು, ಮಾಲಂಗಿ ಊರುಗಳನ್ನು ಶಪಿಸಿ, ಮೈಸೂರು ದೊರೆಗಳಿಗೆ ಮಕ್ಕಳಾಗದಿರಲಿ ಎಂದೂ ಶಪಿಸಿದಳು ಎಂಬ ಕಥೆ. ನಾಲ್ವಡಿಯವರಿಗೆ ಮಕ್ಕಳಿರಲಿಲ್ಲ. ತಮ್ಮನೂ ಹೋದ. ಕಟ್ಟೆಯ ಮೇಲೆ ಯಾರಿಗೂ ಬೇರೆ ಸಾಕ್ಷಿ ಬೇಕಿರಲಿಲ್ಲ.

ತಾತ ಮಾತ್ರ ಇದನ್ನು ಒಪ್ಪುತ್ತಿರಲಿಲ್ಲ. ಮುಂದೆ ಅವರು ಮೇಷ್ಟ್ರಾದರು, ಚರಿತ್ರೆ ಓದಿದರು. ಶಾಪದ ಮಾತು ಬಂದರೆ ಇಕ್ಕಳದಲ್ಲಿ ಕೆಂಡ ಸರಿಸುತ್ತಾ ಲೆಕ್ಕ ಒಪ್ಪಿಸುತ್ತಿದ್ದರು. ಚಿಕ್ಕದೇವರಾಜ ಒಡೆಯರು 1704ರಲ್ಲಿ ತೀರಿಕೊಂಡರು. ಮಗ ಕಂಠೀರವ ಬಂದ, ಮಾತು ಬಾರದವನು, ಮೂಕರಸು ಅಂತಲೇ ಹೆಸರು. ಅವನ ನಂತರ 1714ರಲ್ಲಿ ಅವನ ಮಗ ದೊಡ್ಡ ಕೃಷ್ಣರಾಜ. ಅಪ್ಪ, ಮಗ, ಮೊಮ್ಮಗ! ಶಾಪ ಎಲ್ಲಿ ಹೋಗಿತ್ತು? "ಮಕ್ಕಳು ಆದ್ರೋ ಬಿಟ್ರೋ ಅನ್ನೋದಲ್ಲ ಕಣ್ರೋ. ಮೂಕರಸು, ಅವನ ಮಗ, ಇವರ ಕಾಲದಲ್ಲಿ ಅಧಿಕಾರ ಯಾರ ಕೈಗೆ ಹೋಯ್ತು? ದಳವಾಯಿಗಳ ಕೈಗೆ. ಮೈಸೂರಿಗೆ ಕೇಡಾದದ್ದು ಅಲ್ಲಿ." ದೊಡ್ಡ ಕೃಷ್ಣರಾಜರು 1732ರಲ್ಲಿ ಹೋದ ಮೇಲೆ ದತ್ತು ಬಂದ ಚಾಮರಾಜರನ್ನು ದಳವಾಯಿಗಳು ಎರಡೇ ವರ್ಷಕ್ಕೆ ಇಳಿಸಿ, ಬೇರೊಬ್ಬರನ್ನು ಕೂರಿಸಿದರು. ಆ ಬೇರೊಬ್ಬರೇ ಇಮ್ಮಡಿ ಕೃಷ್ಣರಾಜರು. ಅವರ ಕಾಲದಲ್ಲೇ ಹೈದರಾಲಿ ಮೇಲೆದ್ದದ್ದು. ತಾತನ ಮಾತಿಗೆ ಇವತ್ತಿಗೂ ನನ್ನ ಒಪ್ಪಿಗೆ ಇದೆ. ಅಲಮೇಲಮ್ಮನ ಮೇಲೆ ಹೊರೆ ಹೊರಿಸಿದರೆ ದಳವಾಯಿಗಳು ಸುಮ್ಮನೆ ಪಾರಾಗಿಬಿಡುತ್ತಾರೆ.

ನಮಗೆ ಬಲು ಇಷ್ಟವಾದ ಭಾಗ 1776ರದು. ಎಂಟನೇ ಚಾಮರಾಜರು ಮಕ್ಕಳಿಲ್ಲದೆ ತೀರಿಕೊಂಡಿದ್ದರು. ಆಳುವವನು ಹೈದರಾಲಿಯೇ ಆದರೂ ದಸರೆಯಲ್ಲಿ ಸಿಂಹಾಸನದ ಮೇಲೆ ಕೂರಿಸಿ ಜನಕ್ಕೆ ತೋರಿಸಲು ಒಬ್ಬ ಅರಸ ಬೇಕಿತ್ತು. ಅರಸು ಮನೆತನಗಳ ಹುಡುಗರನ್ನೆಲ್ಲ ಕರೆಸಿದ. ಒಂದು ದೊಡ್ಡ ಕೋಣೆ. ನೆಲದ ತುಂಬ ಹಣ್ಣು, ಮಿಠಾಯಿ, ಹೂವು, ಪುಸ್ತಕ, ಆಟದ ಸಾಮಾನು, ಆಯುಧ. ಮಕ್ಕಳನ್ನು ಬಿಟ್ಟ ಕೂಡಲೇ ಒಂದು ಮಿಠಾಯಿಗೆ ಓಡಿತು, ಒಂದು ಬೊಂಬೆಗೆ ಬಿತ್ತು. ಒಬ್ಬ ಪುಟ್ಟ ಹುಡುಗ ಬಾಕು ಎತ್ತಿಕೊಂಡ, ಇನ್ನೊಂದು ಕೈಯಲ್ಲಿ ನಿಂಬೆಹಣ್ಣು. ಹೈದರಾಲಿ ಅವನನ್ನು ತೋರಿಸಿ ಇವನೇ ರಾಜ ಎಂದನಂತೆ. ಕರ್ನಲ್ ವಿಲ್ಕ್ಸ್ ತನ್ನ ಮೈಸೂರು ಚರಿತ್ರೆಯಲ್ಲಿ ಬರೆದಿಟ್ಟ ಪ್ರಸಂಗ ಇದು. ತಾತ ಹೇಳುವಾಗ ಒಲೆ ಪಕ್ಕ ಬಿದ್ದಿದ್ದ ಕಾಯಿ ಸುಲಿಯುವ ಕತ್ತಿಯನ್ನು ಕಣ್ಣಲ್ಲೇ ತೋರಿಸಿ, "ನೀವಾಗಿದ್ರೆ ಏನ್ ಎತ್ಕಂತಿದ್ರಿ?" ಎಂದು ಕೇಳುವರು. ನಾವೆಲ್ಲ ಒಂದೇ ಬಾಯಲ್ಲಿ ಮಿಠಾಯಿ ಅನ್ನುತ್ತಿದ್ದೆವು.

ಆ ಬಾಕು ಎತ್ತಿದ ಹುಡುಗ, ಒಂಬತ್ತನೇ ಚಾಮರಾಜ, 1796ರಲ್ಲಿ ತೀರಿಕೊಂಡ. ಟಿಪ್ಪು ಸುಲ್ತಾನ್ ಆಮೇಲೆ ಯಾರನ್ನೂ ಪಟ್ಟಕ್ಕೆ ಕೂರಿಸಲಿಲ್ಲ. ಅರಮನೆಯ ಹೆಣ್ಣುಮಕ್ಕಳ ಜೊತೆ ಚಾಮರಾಜನ ಮಗು ಉಳಿದಿತ್ತು. ಇಮ್ಮಡಿ ಕೃಷ್ಣರಾಜರ ವಿಧವೆ ಲಕ್ಷ್ಮಮ್ಮಣ್ಣಿಯವರು ಎಷ್ಟೋ ವರ್ಷದಿಂದ ಗುಟ್ಟಾಗಿ ಇಂಗ್ಲಿಷರ ಜೊತೆ ಓಲೆ ನಡೆಸಿದ್ದವರು. 1799ರ ಮೇ 4ಕ್ಕೆ ಶ್ರೀರಂಗಪಟ್ಟಣ ಬಿತ್ತು. ಜೂನ್ 30ರಂದು ಮೈಸೂರಿನಲ್ಲಿ ಹಾಕಿದ ಚಪ್ಪರದಡಿ, ಇನ್ನೂ ಐದು ತುಂಬದ ಮುಮ್ಮಡಿ ಕೃಷ್ಣರಾಜರನ್ನು ಪಟ್ಟಕ್ಕೆ ಕೂರಿಸಿದರು. ಅಜ್ಜಿ ಲಕ್ಷ್ಮಮ್ಮಣ್ಣಿಯವರು, ದಿವಾನ್ ಪೂರ್ಣಯ್ಯ, ಇಬ್ಬರೂ ಸೇರಿ ಆ ಮಗುವಿನ ರಾಜ್ಯ ಕಾದರು.

ಇಲ್ಲಿ ನನ್ನದೊಂದು ಮಾತು ಸೇರಿಸಬೇಕು. ಆವತ್ತಿನ ಕೆಲಸದಲ್ಲಿ ಸ್ಕಾಟ್ಲೆಂಡಿನವರು ಬಹಳ ಜನ ಇದ್ದರು. ಕೋಟೆಗೆ ನುಗ್ಗಿದ ದಂಡಿನ ಮುಂದಾಳು ಡೇವಿಡ್ ಬೇರ್ಡ್ ಸ್ಕಾಟ್ಲೆಂಡಿನವನು. ಮೈಸೂರನ್ನು ಯಾರಿಗೆ ಎಷ್ಟು ಹಂಚಬೇಕೆಂದು ಕೂತ ಆಯೋಗದ ಕಾರ್ಯದರ್ಶಿಗಳಾದ ಜಾನ್ ಮಾಲ್ಕಂ, ಥಾಮಸ್ ಮನ್ರೋ ಇಬ್ಬರೂ ಸ್ಕಾಟ್ಲೆಂಡಿನವರೇ. ಮಗು ದೊರೆ ಅಂದರೆ ಏನೆಂದು ಅವರ ನಾಡಿಗೂ ಚೆನ್ನಾಗಿ ಗೊತ್ತಿತ್ತು. 1286ರ ಮಾರ್ಚಿಯಲ್ಲಿ ಒಂದು ಬಿರುಗಾಳಿಯ ರಾತ್ರಿ ಅಲ್ಲಿನ ದೊರೆ ಮೂರನೇ ಅಲೆಕ್ಸಾಂಡರ್ ಹೆಂಡತಿಯನ್ನು ಕಾಣಲು ಕುದುರೆ ಏರಿ ಹೊರಟ. ಬೆಳಗ್ಗೆ ಸಮುದ್ರದ ದಂಡೆಯಲ್ಲಿ ಹೆಣವಾಗಿ ಸಿಕ್ಕ. ಇಬ್ಬರು ಗಂಡುಮಕ್ಕಳು, ಒಬ್ಬ ಮಗಳು, ಮೂವರೂ ಅವನಿಗಿಂತ ಮುಂಚೆಯೇ ಸತ್ತಿದ್ದರು. ಉಳಿದದ್ದು ನಾರ್ವೆಯಲ್ಲಿದ್ದ ಮಗಳ ಮಗಳು, ಮಾರ್ಗರೆಟ್ ಎಂಬ ಮೂರು ವರ್ಷದ ಮಗು. ಆ ಮಗು 1290ರಲ್ಲಿ ಸ್ಕಾಟ್ಲೆಂಡಿಗೆ ಬರುವ ದಾರಿಯಲ್ಲೇ ಆರ್ಕ್ನಿ ದ್ವೀಪದಲ್ಲಿ ಹೋಯಿತು. ಪಟ್ಟ ನನ್ನದು ಎಂದು ಹದಿಮೂರು ಮಂದಿ ಎದ್ದರು. ತೀರ್ಪು ಹೇಳಲು ಪಕ್ಕದ ಇಂಗ್ಲೆಂಡಿನ ಮೊದಲನೇ ಎಡ್ವರ್ಡನನ್ನು ಕರೆದರು. ಅವನು 1292ರಲ್ಲಿ ಜಾನ್ ಬೇಲಿಯಲ್‌ನನ್ನು ಆರಿಸಿದ. ನಾಲ್ಕು ವರ್ಷಕ್ಕೆ ತಾನೇ ಅವನನ್ನು ಇಳಿಸಿ ನಾಡಿನ ಮೇಲೆ ಕೈ ಹಾಕಿದ. ರಾಬರ್ಟ್ ಬ್ರೂಸ್ 1306ರಲ್ಲಿ ಪಟ್ಟ ಕಟ್ಟಿಕೊಂಡು, 1314ರಲ್ಲಿ ಬ್ಯಾನಕ್‌ಬರ್ನ್ ಗೆಲ್ಲುವವರೆಗೆ ಆ ನಾಡು ಪಟ್ಟ ಪಾಡು ಹೇಳತೀರದು.

ಇದನ್ನು ನಾನು ಕಾಲೇಜಿಗೆ ಹೋಗುವಾಗ ತಾತನಿಗೆ ಹೇಳಿದ್ದೆ, ಅದೇ ಒಲೆ ಮುಂದೆ. ಪೂರ್ತಿ ಕೇಳಿಸಿಕೊಂಡರು. "ಅಲ್ಲೂ ಹಂಗೇ ಆಯ್ತೇನು? ಮನೆಯೋರು ತೀರ್ಮಾನ ಮಾಡ್ದಿದ್ರೆ ಪಕ್ಕದೋನು ಮಾಡ್ತಾನೆ" ಎಂದರು. ಆಮೇಲೆ ಮಾತನ್ನು 1865ರ ಕಡೆಗೆ ತಿರುಗಿಸಿದರು.

ಮುಮ್ಮಡಿಯವರಿಂದ ಇಂಗ್ಲಿಷರು 1831ರಲ್ಲೇ ಆಡಳಿತ ಕಿತ್ತುಕೊಂಡಿದ್ದರು. ಎಪ್ಪತ್ತು ದಾಟಿದ ದೊರೆಗೆ ಪಟ್ಟಕ್ಕೆ ಮಗನಿಲ್ಲ. ಝಾನ್ಸಿ, ಸತಾರಾ, ನಾಗಪುರಗಳನ್ನು ಗಂಡು ಸಂತಾನವಿಲ್ಲ ಎಂಬ ನೆಪದಲ್ಲಿ ಕಂಪನಿ ನುಂಗಿದ್ದು ಎಲ್ಲರ ಕಣ್ಣ ಮುಂದೆಯೇ ಇತ್ತು. ಮುದುಕರು ಕಾಯಲಿಲ್ಲ. 1865ರ ಜೂನ್‌ನಲ್ಲಿ ಬೆಟ್ಟದಕೋಟೆ ಅರಸು ಮನೆತನದ ಎರಡು ವರ್ಷದ ಮಗುವನ್ನು ದತ್ತು ತೆಗೆದುಕೊಂಡೇಬಿಟ್ಟರು. ಕಲ್ಕತ್ತದ ಸರ್ಕಾರ ಒಪ್ಪಲಿಲ್ಲ. ಲಂಡನ್ನಿನವರೆಗೂ ವಾದ ನಡೆದು 1867ರಲ್ಲಿ ದತ್ತು ಮಾನ್ಯವಾಯಿತು. ಮರುವರ್ಷ ಮಾರ್ಚ್ 27ರಂದು ಮುಮ್ಮಡಿಯವರು ಕಣ್ಣು ಮುಚ್ಚಿದರು. ಒಂದೇ ವರ್ಷದ ಅಂತರ! ಅಷ್ಟರಲ್ಲಿ ಮೈಸೂರು ಉಳಿಯಿತು. ತಾತ ತೋಟದ ಕಡೆ ಕೈ ತೋರಿಸುತ್ತಿದ್ದರು. ಹಳೇ ತೆಂಗು ಒಣಗುವ ತನಕ ಕಾಯದೆ ನಡುವೆ ಸಸಿ ಇಡುತ್ತೇವಲ್ಲ, ಮುಮ್ಮಡಿಯವರು ಮಾಡಿದ್ದು ಅದೇ ಬೇಸಾಯ ಎಂಬುದು ಅವರ ಮಾತು.

ಆ ಸಸಿಯೇ ಚಾಮರಾಜೇಂದ್ರ ಒಡೆಯರು. 1881ರ ಮಾರ್ಚ್ 25ರಂದು ಇಂಗ್ಲಿಷರು ರಾಜ್ಯವನ್ನು ಅವರಿಗೆ ಹಿಂದಿರುಗಿಸಿದರು. ಚಿಕ್ಕನಾಯಕನಹಳ್ಳಿ ತಾಲ್ಲೂಕಿನ ಬೋರನಕಣಿವೆ ಜಲಾಶಯ ಕಟ್ಟಿದ್ದು ಅವರ ಕಾಲದಲ್ಲಿ. ಸುವರ್ಣಮುಖಿಯ ನೀರು ನಿಲ್ಲಿಸಿದ ಆ ಕಟ್ಟೆ ಈಗಲೂ ಇದೆ. ಆದರೆ 1894ರ ಡಿಸೆಂಬರಿನಲ್ಲಿ ಕಲ್ಕತ್ತಕ್ಕೆ ಹೋದವರು ಗಂಟಲಮಾರಿಯಿಂದ ಅಲ್ಲೇ ತೀರಿಕೊಂಡರು, ಮೂವತ್ತೆರಡು ತುಂಬಿರಲಿಲ್ಲ. ಮಗ ನಾಲ್ವಡಿಯವರಿಗೆ ಹತ್ತು ವರ್ಷ. ಮತ್ತೆ ಮಗು ದೊರೆ, ಮತ್ತೆ ಒಬ್ಬ ಹೆಂಗಸಿನ ಹೆಗಲಿಗೆ ರಾಜ್ಯ. ವಾಣಿವಿಲಾಸ ಸನ್ನಿಧಾನ ಕೆಂಪನಂಜಮ್ಮಣ್ಣಿಯವರು ಗಂಡನ ದುಃಖದಲ್ಲೇ ರೀಜೆಂಟ್ ಆಗಿ ಕೂತು, 1902ರ ಆಗಸ್ಟ್ 8ರಂದು ಮಗನಿಗೆ ಪೂರ್ಣ ಅಧಿಕಾರ ಒಪ್ಪಿಸಿದರು. ಶಿವನಸಮುದ್ರದ ವಿದ್ಯುತ್ತು ಕೋಲಾರದ ಚಿನ್ನದ ಗಣಿಗೆ ಹರಿದದ್ದೂ ಅದೇ ವರ್ಷ. ಹಿರಿಯೂರಿನ ಮಾರಿಕಣಿವೆಗೆ ಅವರ ಹೆಸರಿದೆ. ಮೈಸೂರಿನ ಚರಿತ್ರೆ ಬರೆಯುವಾಗ ಈ ತಾಯಿಗೆ ಎರಡೇ ಸಾಲು ಕೊಟ್ಟು ಮುಂದೆ ಹೋಗುವವರನ್ನು ಕಂಡರೆ ನನಗೆ ಸಂಕಟವಾಗುತ್ತದೆ.

ಅಂಥ ತಾಯಿ ಸಾಕಿ ಒಪ್ಪಿಸಿದ ದೊರೆ 1940ರಲ್ಲಿ ಹೋದದ್ದು. ಕುಣಿಗಲ್ ಸೀಮೆಯಲ್ಲಿ ಶಿಂಷಾ ನದಿಗೆ ಮಾರ್ಕೋನಹಳ್ಳಿ ಕಟ್ಟಿಸಿದವರು, ನೀರು ಮಿತಿಮೀರಿದರೆ ಸೈಫನ್ನು ತಾನಾಗಿ ಎಳೆದು ಬಿಡುವ ಕಟ್ಟೆ ಅದು. ನಮ್ಮೂರಿನವರು ಗಾಡಿ ಕಟ್ಟಿಕೊಂಡು ಹೋಗಿ ನೋಡಿ ಬಂದಿದ್ದರು. ಅವರು ಹೋದ ಆ ರಾತ್ರಿ ಅರಳಿಕಟ್ಟೆಯ ಮಾತು ಶಾಪದಲ್ಲೇ ನಿಲ್ಲಲಿಲ್ಲ. ಪೇಪರು ಓದುವ ಶಾನುಭೋಗರು ಹೇಳಿದರಂತೆ: ಯುವರಾಜರು ಹೋದರೂ ಅವರ ಮಗ ಇದ್ದಾರೆ, ಜಯಚಾಮರಾಜರು, ಮಹಾರಾಜಾ ಕಾಲೇಜಿನಲ್ಲಿ ಓದಿ ಪದವಿ ಪಡೆದವರು, ಇಪ್ಪತ್ತೊಂದು ತುಂಬಿದೆ. ಈ ಸಲ ಮಗು ದೊರೆಯಲ್ಲ, ರೀಜೆಂಟು ಬೇಡ. ದಿವಾನ್ ಮಿರ್ಜಾ ಇಸ್ಮಾಯಿಲ್ ಅವರೂ ಇದ್ದಾರೆ. ತಾತ ಓಡಿ ಬಂದು ಅಮ್ಮನಿಗೆ ಸುದ್ದಿ ಮುಟ್ಟಿಸಿದರು. ಆಗ ಅಮ್ಮ ಅತ್ತರಂತೆ. ಅಲ್ಲಿಯವರೆಗೆ ಅತ್ತಿರಲಿಲ್ಲ.

ಸೆಪ್ಟೆಂಬರ್ 8ರಂದು ಪಟ್ಟಾಭಿಷೇಕವಾಯಿತು. ಏಳೇ ವರ್ಷಕ್ಕೆ, 1947ರಲ್ಲಿ, ಅದೇ ತಾತ ಜವಾಬ್ದಾರಿ ಸರ್ಕಾರ ಬೇಕೆಂದು ಮೈಸೂರು ಚಲೋ ಮೆರವಣಿಗೆಯಲ್ಲಿ ಕೂಗಿದರು. ಅವರಿಗೆ ಇವೆರಡರಲ್ಲಿ ವಿರೋಧ ಕಾಣುತ್ತಿರಲಿಲ್ಲ, ನನಗೂ ಕಾಣುವುದಿಲ್ಲ. ದೊರೆ ಒಳ್ಳೆಯವನಾಗಿದ್ದರೆ ಕೃತಜ್ಞತೆ ಇರಬೇಕು. ಮುಂದಿನ ದೊರೆ ಒಳ್ಳೆಯವನಾಗಿಯೇ ಬರಲಿ ಎಂದು ದೇವರ ಮೇಲೆ ಭಾರ ಹಾಕಿ ಕೂರಬೇಕಿಲ್ಲ. ಜಯಚಾಮರಾಜರು ಆ ಆಗಸ್ಟಿನಲ್ಲೇ ಒಕ್ಕೂಟ ಸೇರುವ ಪತ್ರಕ್ಕೆ ಸಹಿ ಹಾಕಿದ್ದರು. ಮುಂದೆ ರಾಜಪ್ರಮುಖರಾಗಿ, ರಾಜ್ಯಪಾಲರಾಗಿ ಇದ್ದು 1974ರಲ್ಲಿ ತೀರಿಕೊಂಡರು.

ತಾತ ಹೋದ ಮೇಲೆ ಈ ಕಥೆಯ ಬಾಕಿ ಭಾಗಕ್ಕೆ ಸೋದರತ್ತೆಯೇ ಹಕ್ಕುದಾರಳು. ಜಯಚಾಮರಾಜರ ಮಗ ಶ್ರೀಕಂಠದತ್ತ ನರಸಿಂಹರಾಜ ಒಡೆಯರು 2013ರ ಡಿಸೆಂಬರ್ 10ರಂದು ಮಕ್ಕಳಿಲ್ಲದೆ ತೀರಿಕೊಂಡರು. ಒಂದು ವರ್ಷ ದಾಟಿದ ಮೇಲೆ, 2015ರ ಫೆಬ್ರವರಿಯಲ್ಲಿ, ಅವರ ಪತ್ನಿ ಪ್ರಮೋದಾದೇವಿಯವರು ಯದುವೀರರನ್ನು ದತ್ತು ತೆಗೆದುಕೊಂಡರು. ಮೇ 28ರ ಪಟ್ಟಾಭಿಷೇಕವನ್ನು ಅತ್ತೆ ಟಿ.ವಿ. ಮುಂದೆ ಕೂತು ಕಣ್ಣು ತೆಗೆಯದೆ ನೋಡಿದಳು.

"ಯಾರ ಕಡೆ ಹುಡುಗ?"

"ಜಯಚಾಮರಾಜರ ದೊಡ್ಡ ಮಗಳು ಗಾಯತ್ರಿದೇವಿ ಇದ್ರಲ್ಲ ಅತ್ತೆ, ಅವರ ಮಗಳ ಮಗ."

"ಹಂಗಾದ್ರೆ ಮನೆ ಹುಡುಗನೇ. ವಯಸ್ಸೆಷ್ಟು?"

"ಇಪ್ಪತ್ಮೂರು."

"ಈಗ್ಲೂ ಹೆಂಗಸೇ ನಿಂತು ಮಾಡಿದ್ದು ನೋಡು" ಎಂದಳು. ಆಮೇಲೆ ಲಕ್ಷ್ಮಮ್ಮಣ್ಣಿ, ವಾಣಿವಿಲಾಸದವರು ಎಂದು ಬೆರಳು ಮಡಿಸಿ, ಮೂರನೇ ಬೆರಳಿಗೆ ಪ್ರಮೋದಾದೇವಿಯವರ ಹೆಸರು ಸೇರಿಸಿ, ಮಂಗಳಾರತಿ ಆಗುವವರೆಗೂ ಎದ್ದೇಳಬೇಡಿ ಎಂದು ನಮ್ಮನ್ನೆಲ್ಲ ಕೂರಿಸಿದಳು.