ಎರವಲು ದನಿಯಲ್ಲಿ ಶುಭಸಂದೇಶ

ತಪಸ್ಸುಕಾಲದಲ್ಲಿ ನಮ್ಮ ಅನೇಕ ಧರ್ಮಕೇಂದ್ರಗಳಲ್ಲಿ ಯೇಸುಸ್ವಾಮಿಯ ಜೀವನವನ್ನು ಕುರಿತ ಚಲನಚಿತ್ರಗಳನ್ನು ತೋರಿಸುವ ವಾಡಿಕೆಯಿದೆ. ಅಂಥ ಎರಡು ಚಿತ್ರಗಳು ಭಾಷೆಯ ವಿಷಯದಲ್ಲಿ ಬೇರೆ ಬೇರೆ ದಾರಿ ಹಿಡಿದಿವೆ. ಸಂತ ಲೂಕರ ಶುಭಸಂದೇಶವನ್ನು ಆಧರಿಸಿದ, 1979ರ ಇಂಗ್ಲಿಷ್ ಚಿತ್ರ ‘ಜೀಸಸ್’ ಇಂದು ಕನ್ನಡವೂ ಸೇರಿದಂತೆ 2000ಕ್ಕೂ ಹೆಚ್ಚು ಭಾಷೆಗಳಲ್ಲಿ ಮಾತನಾಡುತ್ತದೆ. ಮೆಲ್ ಗಿಬ್ಸನ್ ನಿರ್ದೇಶಿಸಿದ 2004ರ ‘ದಿ ಪ್ಯಾಶನ್ ಆಫ್ ದಿ ಕ್ರೈಸ್ಟ್’ ಚಿತ್ರದಲ್ಲಾದರೋ ಅರಮಾಯಿಕ್, ಲತೀನ್, ಹೀಬ್ರೂ ನುಡಿಗಳೇ ಕೇಳಿಸುತ್ತವೆ. ಅವುಗಳ ಅರ್ಥ ತೆರೆಯ ಅಡಿಯಲ್ಲಿ ಅಕ್ಷರಗಳಾಗಿ ಮೂಡುತ್ತದೆ. ಆ ಅಡಿಬರಹವೂ ಬೇಡವೆಂಬುದು ನಿರ್ದೇಶಕರ ಮೊದಲ ಆಲೋಚನೆಯಾಗಿತ್ತು.

ಡಬ್ಬಿಂಗ್‌ನಿಂದ ನಷ್ಟವಿಲ್ಲವೆಂದಲ್ಲ. ಶಿಲುಬೆಯ ಮೇಲಿನ ಮುಖ ಒಬ್ಬನದು, ಉಸಿರು ಇನ್ನೊಬ್ಬನದು. ಕನ್ನಡದಲ್ಲಿ ಕ್ರಿಯಾಪದ ಸಾಮಾನ್ಯವಾಗಿ ವಾಕ್ಯದ ಕೊನೆಗೆ ಬರುವುದರಿಂದ, ಆಜ್ಞಾಪಿಸುವ ಕೈ ಕೆಳಗಿಳಿದ ಮೇಲೆ ಆಜ್ಞೆ ನಮ್ಮ ಕಿವಿಗೆ ಬೀಳುವುದುಂಟು. ಪ, ಬ, ಮ ಎನ್ನಲು ತುಟಿಗಳು ಕೂಡಲೇಬೇಕು. ನಟನ ತುಟಿಗಳು ತೆರೆದಿದ್ದರೆ ಅನುವಾದಕನು ಸರಿಯಾದ ಪದವನ್ನು ಬಿಟ್ಟು ಹೊಂದುವ ಪದವನ್ನು ಹುಡುಕಬೇಕಾಗುತ್ತದೆ. ಇಂಗ್ಲಿಷಿನ ‘ಯೂ’ ಎಂಬ ಒಂದೇ ಪದ ನಮ್ಮಲ್ಲಿ ‘ನೀನು’ ಆಗಬೇಕೋ ‘ನೀವು’ ಆಗಬೇಕೋ? ಪಿಲಾತನು ಯೇಸುವನ್ನು ಹೇಗೆ ಸಂಬೋಧಿಸಬೇಕು? ಹೇಗೆ ತೀರ್ಮಾನಿಸಿದರೂ ಮೂಲದಲ್ಲಿಲ್ಲದ ಸಲಿಗೆಯೋ ಗೌರವವೋ ಬಂದು ಸೇರುತ್ತದೆ.

ಆದರೂ ಓದುಬಾರದ ಹಿರಿಯರ ನಡುವೆ ಕುಳಿತು ಈ ಎರಡೂ ಚಿತ್ರಗಳನ್ನು ನೋಡಿದ ನನಗೆ ಲಾಭವೇ ದೊಡ್ಡದೆನಿಸಿದೆ. ಅಡಿಬರಹದ ಚಿತ್ರ ನಡೆಯುವಾಗ ಅಜ್ಜಿಯೊಬ್ಬರು ಮೊಮ್ಮಗನನ್ನು “ಏನಂದ್ರಪ್ಪಾ?” ಎಂದು ಕೇಳುತ್ತಲೇ ಇದ್ದರು, ಸ್ವಲ್ಪ ಹೊತ್ತಿನಲ್ಲಿ ಕೇಳುವುದನ್ನೂ ಬಿಟ್ಟರು. ಕನ್ನಡದ ಚಿತ್ರದಲ್ಲಿ ಪಶ್ಚಾತ್ತಾಪಪಟ್ಟ ಕಳ್ಳನಿಗೆ ಸ್ವಾಮಿ ಉತ್ತರಿಸಿದಾಗ ಅದೇ ಅಜ್ಜಿ ಮೆಲ್ಲನೆ ಶಿಲುಬೆಯ ಗುರುತು ಮಾಡಿಕೊಂಡರು. ತುಟಿಗೂ ಮಾತಿಗೂ ಹೊಂದಿಕೆಯಾಯಿತೇ ಎಂಬ ಪ್ರಶ್ನೆ ಅವರಿಗೆ ಇರಲಿಲ್ಲ.

ಪವಿತ್ರ ಗ್ರಂಥದಲ್ಲಿ ಈ ಎರಡು ದಾರಿಗಳಿಗೂ ಸ್ಥಾನವಿದೆ. ಯಾಯೀರನ ಮಗಳನ್ನು ಎಬ್ಬಿಸಿದ ಅರಮಾಯಿಕ್ ನುಡಿಯನ್ನು ಸಂತ ಮಾರ್ಕರು ಹಾಗೆಯೇ ಉಳಿಸಿ, ಪಕ್ಕದಲ್ಲೇ ಅರ್ಥ ಬರೆದರು. ಪಂಚಾಶತ್ತಮ ದಿನದಂದಾದರೋ ನಾನಾ ನಾಡುಗಳ ಜನರು ಪ್ರೇಷಿತರ ಮಾತನ್ನು ತಮ್ಮ ತಮ್ಮ ಭಾಷೆಯಲ್ಲೇ ಕೇಳಿಸಿಕೊಂಡರು. ದ್ವಿತೀಯ ವ್ಯಾಟಿಕನ್ ಮಹಾಸಭೆಯು 1963ರಲ್ಲಿ ಆರಾಧನಾವಿಧಿಯಲ್ಲಿ ಜನರ ಭಾಷೆಗೆ ಬಾಗಿಲು ತೆರೆಯಿತು. ಆದರೂ ‘ಆಮೆನ್’, ‘ಅಲ್ಲೆಲೂಯ’ ಎಂಬ ಹೀಬ್ರೂ ಪದಗಳು ನಮ್ಮ ಕನ್ನಡ ಬಲಿಪೂಜೆಯಲ್ಲಿ ಇಂದಿಗೂ ಉಳಿದಿವೆ.

ಆದ್ದರಿಂದ ಬರುವ ತಪಸ್ಸುಕಾಲದಲ್ಲಿ ಚಿತ್ರವನ್ನು ಆರಿಸುವವರು ಮುಂದಿನ ಸಾಲಿನಲ್ಲಿ ಕೂರುವವರನ್ನು ಮೊದಲು ನೆನೆಯಲಿ. ಎಲ್ಲರಿಗೂ ತಿಳಿಯುವ ಕನ್ನಡದ ಚಿತ್ರವನ್ನು ತೋರಿಸಲಿ. ಯುವಜನರಿಗೆ ಮತ್ತೊಂದು ಸಂಜೆ, ಯೇಸುಸ್ವಾಮಿ ಆಡಿದ ಭಾಷೆಯ ದನಿಯನ್ನೂ ಕೇಳಿಸಲಿ.