ದನಿ ಕಳೆದುಕೊಂಡ ಚಿತ್ರಗಳು

ಕೆಲವು ವರ್ಷಗಳ ಹಿಂದೆ ನಾನೊಂದು ಜಪಾನಿ ಮೂಕಚಿತ್ರವನ್ನು ನೋಡಿದೆನು. ತೇನೊಸುಕೆ ಕಿನುಗಾಸ 1926ರಲ್ಲಿ ನಿರ್ದೇಶಿಸಿದ, 'ಹುಚ್ಚಿನ ಒಂದು ಪುಟ' ಎಂಬರ್ಥದ ಹೆಸರಿನ ಚಿತ್ರವದು. ಮಾನಸಿಕ ಚಿಕಿತ್ಸಾಲಯದಲ್ಲಿರುವ ಹೆಂಡತಿಯ ಸನಿಹದಲ್ಲಿರಲೆಂದು ಅಲ್ಲಿಯೇ ಕೆಲಸಕ್ಕೆ ಸೇರಿದ ವೃದ್ಧನೊಬ್ಬನ ಕಥೆ. ನಡುವೆ ಓದಿಕೊಳ್ಳಲು ಒಂದು ಬರಹವೂ ಇಲ್ಲ. ಕಥೆಯ ಎಳೆ ಮತ್ತೆ ಮತ್ತೆ ನನ್ನ ಕೈತಪ್ಪಿತು.

ಅಂದಿನ ಪ್ರೇಕ್ಷಕರಿಗೆ ಈ ತೊಡಕು ಅಷ್ಟಾಗಿ ಇರಲಿಲ್ಲ. ಜಪಾನಿನ ಚಿತ್ರಮಂದಿರಗಳಲ್ಲಿ 'ಬೆನ್ಶಿ' ಎಂಬ ಕಥನಕಾರರು ತೆರೆಯ ಪಕ್ಕದಲ್ಲಿ ನಿಂತು ಪಾತ್ರಗಳಿಗೆಲ್ಲ ದನಿಯಾಗುತ್ತಿದ್ದರು. 1930ರ ದಶಕದಲ್ಲಿ ಮಾತಿನ ಚಿತ್ರಗಳು ಬಂದು ಅವರ ವೃತ್ತಿ ಸೊರಗಿತು. ಇಂದು ಆ ಕಲೆಯನ್ನು ಬಲ್ಲವರು ಕೆಲವರೇ. ಚಿತ್ರಗಳ ಗತಿಯೂ ಅಂತೆಯೇ ಆಯಿತು. ನೈಟ್ರೇಟ್ ಸುರುಳಿಗಳು ಬಲುಬೇಗ ಹೊತ್ತಿ ಉರಿಯುವಂಥವು. 1923ರ ಭೂಕಂಪ, ಅನಂತರದ ಯುದ್ಧ, ಜನರ ಅಲಕ್ಷ್ಯ ಇವೆಲ್ಲವೂ ಸೇರಿ ಬಹುಪಾಲನ್ನು ನುಂಗಿದವು. ಕಳೆದೇಹೋಯಿತೆಂದು ತಿಳಿದಿದ್ದ ಈ ಚಿತ್ರವು 1971ರಲ್ಲಿ ನಿರ್ದೇಶಕರಿಗೇ ತಮ್ಮ ಮನೆಯ ಉಗ್ರಾಣದಲ್ಲಿ ದೊರೆಯಿತು. ಚಿತ್ರವೇನೋ ಮರಳಿತು, ಅಂದು ಅದನ್ನು ವಿವರಿಸಿದ ದನಿ ಮರಳಲಿಲ್ಲ.

ನಮ್ಮ ಮನೆಯ ಪೆಟ್ಟಿಗೆಯಲ್ಲಿ ಹನ್ನೊಂದು ಮಂದಿಯಿರುವ ಹಳೆಯ ಭಾವಚಿತ್ರವೊಂದಿದೆ. ಒಬ್ಬೊಬ್ಬರನ್ನೂ ಬೆರಳಿಟ್ಟು ತೋರಿಸುತ್ತ ಅಜ್ಜಿ ಕಥೆ ಹೇಳುತ್ತಿದ್ದಾಗ, ಆಟದ ಗುಂಗಿನಲ್ಲಿದ್ದ ನಾನು ಕಿವಿಗೊಟ್ಟಿರಲಿಲ್ಲ. ಈಗ ಅಜ್ಜಿಯಿಲ್ಲ. ಆ ಚಿತ್ರವನ್ನು ನೋಡಿದ ಮರುದಿನ ತಾಯಿಯನ್ನು ಕೇಳಿ ಭಾವಚಿತ್ರದ ಹಿಂಬದಿಯಲ್ಲಿ ಹೆಸರುಗಳನ್ನು ಬರೆದೆನು. ಏಳು ಹೆಸರುಗಳು ದೊರೆತವು. ಉಳಿದ ನಾಲ್ವರು ಮೂಕರಾಗಿ ಇಂದಿಗೂ ನನ್ನನ್ನೇ ನೋಡುತ್ತಿದ್ದಾರೆ.